ಎರಡು ವರ್ಷ ಕಳೆದರೆ ಕರೆಂಟ್ ಬಾಕಿ ಸತ್ತೇ ಹೋಗುತ್ತಾ?

ಹಿಟ್ಟಿನ ಗಿರಣಿ ನಡೆಸುವ ಓದುಗರೊಬ್ಬರು ಬರೆದಿದ್ದಾರೆ: "2019ರಿಂದ 2021ರವರೆಗೆ ನಮಗೆ ತಪ್ಪು ದರದಲ್ಲಿ ಬಿಲ್ಲು ಹಾಕಿದ್ದು ಆಡಿಟ್‌ನಲ್ಲಿ ಗೊತ್ತಾಯಿತಂತೆ. 86 ಸಾವಿರ ರೂಪಾಯಿ ವ್ಯತ್ಯಾಸವನ್ನು 15 ದಿನದಲ್ಲಿ ಕಟ್ಟಿ, ಇಲ್ಲದಿದ್ದರೆ ಫ್ಯೂಸ್ ಕೀಳುತ್ತೇವೆ ಅಂತ ಈಗ ನೋಟಿಸ್ ಬಂದಿದೆ. ಎರಡು ವರ್ಷ ಮೀರಿದ್ದನ್ನು ಕಟ್ಟಬೇಕಿಲ್ಲ ಅನ್ನುತ್ತಾರೆ ಪಕ್ಕದ ಅಂಗಡಿಯವರು. ನಿಜವೇ?"

ಪಕ್ಕದ ಅಂಗಡಿಯವರು ಹೇಳಿದ್ದು ಅರ್ಧ ನಿಜ. ಆ ಅರ್ಧವನ್ನೇ ನಂಬಿ ಸುಮ್ನೆ ಕೂತರೆ ಕಷ್ಟ.

ಅವರು ಹೇಳುತ್ತಿರುವುದು 2003ರ ವಿದ್ಯುತ್ ಕಾಯ್ದೆಯ 56(2)ನೇ ಕಲಮಿನ ಮಾತು. ಹಣ ಮೊದಲು ಬಾಕಿಯಾದ ದಿನದಿಂದ ಎರಡು ವರ್ಷ ಕಳೆದ ಮೇಲೆ ಅದನ್ನು ವಸೂಲು ಮಾಡುವಂತಿಲ್ಲ, ಸಂಪರ್ಕವನ್ನೂ ಕಡಿಯುವಂತಿಲ್ಲ ಎನ್ನುತ್ತದೆ ಅದು. ಆದರೆ ಪ್ರತಿ ಬಿಲ್ಲಿನಲ್ಲೂ ಬಿಡದೆ ಬಾಕಿ ಅಂತ ತೋರಿಸಿಕೊಂಡು ಬಂದಿದ್ದರೆ ಈ ರಕ್ಷಣೆ ಇಲ್ಲ. ಹಾಗಾಗಿ ಮೊದಲು ಹಳೆ ಬಿಲ್ಲುಗಳನ್ನು ಹುಡುಕಿ, ಬಾಕಿ ಕಾಲಂ ನೋಡಿ.

ಅಲ್ಲಿ ಏನೂ ಇಲ್ಲ ಅಂದುಕೊಳ್ಳೋಣ. ಆಗ ಜಗಳವೆಲ್ಲ "ಮೊದಲು ಬಾಕಿಯಾದ ದಿನ" ಯಾವುದು ಅನ್ನುವುದರ ಮೇಲೆ. ಕರೆಂಟ್ ಉರಿಸಿದ ದಿನವೋ, ಬಿಲ್ಲು ಕೊಟ್ಟ ದಿನವೋ? ಅಜ್ಮೇರ್ ವಿದ್ಯುತ್ ವಿತರಣ ನಿಗಮದ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2020ರ ಫೆಬ್ರುವರಿಯಲ್ಲಿ ಇದಕ್ಕೆ ಉತ್ತರ ಕೊಟ್ಟಿತು. ಅಲ್ಲಿಯೂ ನಿಮ್ಮ ಕಥೆಯೇ. 2009ರ ಜುಲೈಯಿಂದ 2011ರ ಸೆಪ್ಟೆಂಬರ್‌ವರೆಗೆ ತಪ್ಪು ದರ, ಆಮೇಲೆ ಆಡಿಟ್, 2014ರ ಮಾರ್ಚ್‌ನಲ್ಲಿ ಹೆಚ್ಚುವರಿ ಬಿಲ್ಲು. ಬಳಸಿದಾಗ ಹೊಣೆ ಹುಟ್ಟುತ್ತದೆ, ಕಟ್ಟಬೇಕಾದ ಕರ್ತವ್ಯ ಬರುವುದು ಬಿಲ್ಲು ಕೈಗೆ ಬಂದಾಗ ಎಂದಿತು ಕೋರ್ಟ್. ಪ್ರಾಮಾಣಿಕ ತಪ್ಪಾಗಿದ್ದರೆ ಎರಡು ವರ್ಷದ ನಂತರವೂ ಹೆಚ್ಚುವರಿ ಬಿಲ್ಲು ಕೊಡಬಹುದು. ಆದರೆ ಆ ಹಣಕ್ಕಾಗಿ ಸಂಪರ್ಕ ಕಡಿಯುವಂತಿಲ್ಲ. ಬೇಕಿದ್ದರೆ ಕಾನೂನಿನ ಬೇರೆ ದಾರಿ ಹಿಡಿಯಲಿ. ಅಂದರೆ ಸಾಲ ಸಾಯಲಿಲ್ಲ, ಕತ್ತರಿ ಮಾತ್ರ ಕೈಯಿಂದ ಹೋಯಿತು.

ವಿದ್ಯುತ್ ಕಂಪನಿಯ ವಕೀಲರು ಸುಪ್ರೀಂ ಕೋರ್ಟಿನದೇ 2021ರ ಇನ್ನೊಂದು ತೀರ್ಪನ್ನು ಮುಂದಿಡಬಹುದು. ಹರಿಯಾಣದ ಪ್ರೇಮ್ ಕಾಟೆಕ್ಸ್ ಪ್ರಕರಣ. ಮೀಟರ್ ಓದನ್ನು 10ರಿಂದ ಗುಣಿಸುವ ಬದಲು 5ರಿಂದ ಗುಣಿಸಿದ್ದರು. ಬಿಟ್ಟುಹೋದದ್ದು 1.35 ಕೋಟಿ ರೂಪಾಯಿ! ಗ್ರಾಹಕರು ಸೋತರು. ಲೆಕ್ಕದಲ್ಲಿ ತಪ್ಪಿಹೋದ ಹಣ ಕೇಳುವುದು ಸೇವಾ ಲೋಪ ಅಲ್ಲ ಎಂದಿತು ಕೋರ್ಟ್. ಆದ್ದರಿಂದ ಬರೀ 56(2)ರ ಮೇಲೆ ಪೂರ್ತಿ ಭಾರ ಹಾಕಬೇಡಿ.

ನನ್ನ ಮಾತು ಹೇಳಿಬಿಡುತ್ತೇನೆ. ಇದರಲ್ಲಿ ನ್ಯಾಯ ಕಮ್ಮಿ. ಆ ವರ್ಷಗಳಲ್ಲಿ ಬಂದ ಬಿಲ್ಲು ನೋಡಿಕೊಂಡೇ ಅಲ್ವಾ ನೀವು ಬೀಸುವ ಕೂಲಿ ಗೊತ್ತು ಮಾಡಿದ್ದು? ಅಂದು ಜೋಳ ಬೀಸಿಸಿಕೊಂಡು ಹೋದವರನ್ನು ಹುಡುಕಿ ವ್ಯತ್ಯಾಸ ಕೇಳಲಾಗುತ್ತದೆಯೇ? ತಪ್ಪು ಅವರದು, ನಷ್ಟ ನಿಮ್ಮದು. ಕಾನೂನು ಮಾತ್ರ ಯೂನಿಟ್ ಖರ್ಚಾಯಿತೇ ಎಂದಷ್ಟೇ ಕೇಳುತ್ತದೆ.

ಈಗ ಮಾಡಬೇಕಾದ್ದು. 15 ದಿನ ಮುಗಿಯುವ ಮುಂಚೆ ಲಿಖಿತ ಆಕ್ಷೇಪಣೆ ಕೊಟ್ಟು ಸ್ವೀಕೃತಿ ಪಡೆಯಿರಿ. ಆಡಿಟ್ ಟಿಪ್ಪಣಿ, ತಿಂಗಳುವಾರು ಲೆಕ್ಕ ಎರಡನ್ನೂ ಕೇಳಿ. ಇಂಥ ಲೆಕ್ಕದಲ್ಲೇ ಇನ್ನೊಂದು ತಪ್ಪು ಅಡಗಿರುವುದುಂಟು. ತಿಂಗಳ ಮಾಮೂಲಿ ಬಿಲ್ಲನ್ನು ಮಾತ್ರ ನಿಲ್ಲಿಸಲೇಬೇಡಿ, ಫ್ಯೂಸ್ ಕೀಳಲು ನೀವೇ ಕಾರಣ ಕೊಟ್ಟಂತಾಗುತ್ತದೆ. ಆದರೂ ಕಡಿಯಲು ಬಂದರೆ 56(1) ಇದೆ. ಕೇಳಿದ ಮೊತ್ತ ಅಥವಾ ಹಿಂದಿನ ಆರು ತಿಂಗಳ ಸರಾಸರಿಯ ಪ್ರಕಾರ ಬರುವ ಮೊತ್ತ, ಯಾವುದು ಕಡಿಮೆಯೋ ಅದನ್ನು ಪ್ರತಿಭಟನೆಯೊಂದಿಗೆ ಠೇವಣಿ ಇಟ್ಟರೆ ವಿವಾದ ಮುಗಿಯುವವರೆಗೆ ಕಡಿಯುವಂತಿಲ್ಲ. ನಂತರ ಕಂಪನಿಯ ಕುಂದುಕೊರತೆ ನಿವಾರಣಾ ವೇದಿಕೆಗೆ ಹೋಗಿ. ಅಲ್ಲಿ ಸಮಾಧಾನವಾಗದಿದ್ದರೆ ಅದರ ಮೇಲಿನ ದೂರು ಕೇಳುವ ಓಂಬುಡ್ಸ್‌ಮನ್.

ನೋಟಿಸಿನಲ್ಲಿ 126ನೇ ಕಲಮು ಅಂತ ಎಲ್ಲಾದರೂ ಇದೆಯೇ ನೋಡಿ. ಅದು ಅನಧಿಕೃತ ಬಳಕೆಯ ಆರೋಪ, ದರ ಎರಡು ಪಟ್ಟು. ಅದರ ಅಂತಿಮ ಆದೇಶಕ್ಕೆ ಮೇಲ್ಮನವಿ 30 ದಿನದೊಳಗೆ ಹಾಕಬೇಕು, ಅರ್ಧ ಹಣವನ್ನೂ ಕಟ್ಟಿರಬೇಕು. ಆಗ ದಾರಿಯೇ ಬೇರೆ. ಹಾಗಿದ್ದರೆ ನೋಟಿಸಿನ ಎರಡೂ ಪುಟದ ಪ್ರತಿ ಕಳಿಸಿ, ಬೇಗ.

— ಸಂ.