ಶ್ನಿಟ್ಸೆಲ್ ಇರುವಾಗ ಚೀಸ್ ಯಾಕೆ?

ಪ್ರಶ್ನೆ: ಸ್ಟುಟ್‌ಗಾರ್ಟ್‌ನಲ್ಲಿದ್ದೇವೆ. ಭಾನುವಾರ ಮಧ್ಯಾಹ್ನ ಜರ್ಮನ್ ಸಹೋದ್ಯೋಗಿ ಮತ್ತು ಇಸ್ರೇಲಿನವರಾದ ಅವರ ಹೆಂಡತಿ ಊಟಕ್ಕೆ ಬರುತ್ತಿದ್ದಾರೆ. ಹಂದಿ ಬ್ರಾಟ್‌ವುರ್ಸ್ಟ್ ಸಾಸೇಜ್, ಚೀಸ್ ಶ್ಪೆಟ್ಸ್ಲೆ ನೂಡಲ್ಸ್, ಹಮ್ಮಸ್ (ಕಾಬೂಲಿ ಕಡಲೆ ಪೇಸ್ಟ್), ಫಲಾಫೆಲ್ (ಕರಿದ ಕಡಲೆ ವಡೆ), ಹುಳಿ ಎಲೆಕೋಸಿನ ಸಾವರ್‌ಕ್ರೌಟ್ ಮಾಡೋಣ ಅಂತಿದ್ದೇನೆ. ಹೊಂದುತ್ತಾ?

ಹೊಂದಲ್ಲ. ಇದು ಊಟ ಅಲ್ಲ, ಎರಡು ಹೋಟೆಲಿನ ಮೆನು ಕಾರ್ಡ್. ಇಂಥ ಪಟ್ಟಿ ಎಷ್ಟು ಬರುತ್ತವೆ ಅಂದರೆ, ಓದುವಾಗಲೇ ಹೊಟ್ಟೆ ತುಂಬುತ್ತದೆ.

ಮೊದಲು ಸಹೋದ್ಯೋಗಿಯ ಹೆಂಡತಿಗೆ ಒಂದು ಫೋನ್ ಮಾಡಿ, ಕೋಶರ್ (ಯಹೂದಿಗಳ ಆಹಾರ ನಿಯಮ) ಪಾಲಿಸುತ್ತಾರಾ ಕೇಳಿ. ಪಾಲಿಸದ ಇಸ್ರೇಲಿಗಳು ಬೇಕಾದಷ್ಟಿದ್ದಾರೆ, ಪಾಲಿಸುವವರೂ ಇದ್ದಾರೆ. ನೀವೇ ತೀರ್ಮಾನ ಮಾಡಬೇಡಿ. ಪಾಲಿಸುವವರಾದರೆ ಹಂದಿ ಇಲ್ಲ, ಮಾಂಸದ ಜೊತೆ ಹಾಲು, ಬೆಣ್ಣೆ, ಚೀಸ್ ಕೂಡ ಇಲ್ಲ. ಕಟ್ಟುನಿಟ್ಟಿನವರಾದರೆ ನಿಮ್ಮ ಪಾತ್ರೆಯಲ್ಲೇ ತಿನ್ನುವುದಿಲ್ಲ. ಆಗ ಅವರು ಹೇಳಿದ ಹಾಗೆ ಮಾಡಿ. ಎಳ್ಳಿನ ಅಲರ್ಜಿ ಇದೆಯಾ ಅಂತ ಎಲ್ಲರನ್ನೂ ಕೇಳಿ. ಇದರಲ್ಲಿ ನಾನು ಸ್ವಲ್ಪ ಜಾಸ್ತಿಯೇ ಹೆದರುವವಳು.

ಇನ್ನು ಅಡುಗೆ. ಜರ್ಮನ್, ಇಸ್ರೇಲಿ ಎರಡೂ ರುಚಿ ಆಗಲೇ ಸೇರಿರುವ ಜಾಗ ಶ್ನಿಟ್ಸೆಲ್, ಅಂದರೆ ತೆಳ್ಳಗೆ ತಟ್ಟಿ ಬ್ರೆಡ್ ಪುಡಿ ಹಚ್ಚಿ ಕರಿದ ಮಾಂಸ. 1930ರ ದಶಕದಲ್ಲಿ ನಾಜಿಗಳಿಂದ ತಪ್ಪಿಸಿಕೊಂಡು ಹೋದ ಯಹೂದಿಗಳು ಅದನ್ನು ತಮ್ಮ ಜೊತೆ ಒಯ್ದರು. ಇಂದಿನ ಇಸ್ರೇಲ್ ಇರುವ ಆ ನೆಲದಲ್ಲಿ ಕರುವಿನ ಮಾಂಸ ಸಿಗುವುದು ಕಷ್ಟ, ಹಾಗಾಗಿ ಕೋಳಿ ಬಂತು. ಬೆಣ್ಣೆ ಹೋಗಿ ಎಣ್ಣೆ ಬಂತು. ಈಗ ಇಸ್ರೇಲಿನಲ್ಲಿ ಅದು ಮನೆಮನೆಯ ಊಟ. ಪಿಟಾ ರೊಟ್ಟಿಯೊಳಗೆ ಹಮ್ಮಸ್, ಉಪ್ಪಿನಕಾಯಿ ಜೊತೆಗೂ ತಿನ್ನುತ್ತಾರೆ.

ಕೋಳಿಯ ಎದೆಭಾಗವನ್ನು ಅಡ್ಡಕ್ಕೆ ಸೀಳಿ, ಪ್ಲಾಸ್ಟಿಕ್ ಹಾಳೆಯ ನಡುವೆ ಇಟ್ಟು ಅರ್ಧ ಸೆಂಟಿಮೀಟರ್ ದಪ್ಪಕ್ಕೆ ತಟ್ಟಿ. ಮೈದಾ, ಮೊಟ್ಟೆ, ಆಮೇಲೆ ಬ್ರೆಡ್ ಪುಡಿ. ಪುಡಿಗೆ ಒಂದು ಹಿಡಿ ಬಿಳಿ ಎಳ್ಳು ಸೇರಿಸಿ. ಒತ್ತಬೇಡಿ, ಸುಮ್ನೆ ಹೊರಳಿಸಿ. ಎಣ್ಣೆ 170 ಡಿಗ್ರಿ ಇರಲಿ, ಒಂದೊಂದು ಬದಿ ಸುಮಾರು 3 ನಿಮಿಷ. ತೆಗೆದ ಮೇಲೆ ಮುಚ್ಚಿಟ್ಟರೆ ಮೆತ್ತಗಾಗುತ್ತದೆ, ಜಾಲರಿ ಮೇಲೆ ಇಡಿ.

ಪಕ್ಕಕ್ಕೆ ನಿಮ್ಮ ಊರಿನದೇ ಶ್ವಾಬಿಯನ್ ಆಲೂ ಸಲಾಡ್. ಮಯೋನೀಸ್ ಹಾಕಿದರೆ ಶ್ವಾಬಿಯನ್ನರು ಮೂಗು ಮುರಿಯುತ್ತಾರೆ. ಪುಡಿಯಾಗದ ಜಾತಿಯ ಆಲೂಗಡ್ಡೆ 1 ಕೆಜಿ. ಬೇಯಿಸಿ, ಬಿಸಿ ಇರುವಾಗಲೇ ಸಿಪ್ಪೆ ಸುಲಿದು ತೆಳ್ಳಗೆ ಹೆಚ್ಚಿ. ಸಣ್ಣಗೆ ಹೆಚ್ಚಿದ ಈರುಳ್ಳಿ, 3 ಚಮಚ ವಿನಿಗರ್, ಒಂದು ಚಮಚ ಸಾಸಿವೆ ಪೇಸ್ಟ್, ಉಪ್ಪು ಹಾಕಿ ಕಾಲು ಲೀಟರ್ ಬಿಸಿ ತರಕಾರಿ ಸ್ಟಾಕ್ ಸುರಿಯಿರಿ. ಅರ್ಧ ಗಂಟೆ ಬಿಡಿ, ಹೀರಿಕೊಳ್ಳುತ್ತದೆ. ಕೊನೆಗೆ ಹಾಕುವ ಎಣ್ಣೆಯಲ್ಲಿ ಅರ್ಧ ಕಡಿಮೆ ಮಾಡಿ, ಅದರ ಬದಲು ನಿಂಬೆರಸದಲ್ಲಿ ಕಲಸಿದ ತಾಹಿನಿ (ಎಳ್ಳಿನ ಪೇಸ್ಟ್) ಹಾಕಿ. ನಾನು ಬೆರೆಸುವುದು ಇಷ್ಟೇ.

ತಾಹಿನಿಗೆ ನಿಂಬೆರಸ ಬಿದ್ದ ಕೂಡಲೇ ಗಟ್ಟಿಯಾಗಿ ಉಂಡೆ ಕಟ್ಟುತ್ತದೆ. ‘ಕೆಟ್ಟುಹೋಯ್ತು’ ಅಂತ ಚೆಲ್ಲುವವರ ಪತ್ರ ಓದಿ ಸಾಕಾಗಿದೆ. ಚೆಲ್ಲಬೇಡಿ. ಐಸ್ ನೀರು ಒಂದೊಂದೇ ಚಮಚ ಹಾಕಿ ಕಲಸುತ್ತಾ ಹೋಗಿ. ಬಣ್ಣ ಬೆಳ್ಳಗಾಗಿ, ಚಮಚದಿಂದ ಧಾರೆಯಾಗಿ ಇಳಿಯುವಾಗ ನಿಲ್ಲಿಸಿ.

ಸಾವರ್‌ಕ್ರೌಟ್ ಇರಲಿ, ಬಿಸಿ ಮಾಡದೆ, ಹಿಂಡಿ, ಒಂದು ಹಿಡಿ. ಮೇಲೆ ಸ್ವಲ್ಪ ಅಂಬಾ, ಅಂದರೆ ಇರಾಕಿ ಯಹೂದಿಗಳ ಜೊತೆ ಇಸ್ರೇಲಿಗೆ ಬಂದ ಮೆಂತ್ಯದ ಘಮದ ಮಾವಿನ ಉಪ್ಪಿನಕಾಯಿ. ಅದರ ಬೇರು ಮುಂಬೈಯಲ್ಲಿದೆ ಅನ್ನುತ್ತಾರೆ. ಊರಿಂದ ತಂದ ಆವಕಾಯಿ ಆಗಲ್ಲ, ಅದರ ಎಣ್ಣೆ, ಖಾರ ಎಲ್ಲವನ್ನೂ ನುಂಗಿಬಿಡುತ್ತದೆ. ಫಲಾಫೆಲ್ ಕೈಬಿಡಿ. ಒಂದೇ ಊಟಕ್ಕೆ ಎರಡು ಕರಿದದ್ದು ಯಾಕೆ?

ಪ್ರಶ್ನೆ: ನಾವು ಸಸ್ಯಾಹಾರಿಗಳು. ಶ್ನಿಟ್ಸೆಲ್ ಬದಲು ಪನೀರ್ ಹಾಕಬಹುದಾ?

ಪನೀರ್ ಯಾಕೆ, ಜರ್ಮನರೇ ಸೆಲರಿ ಗೆಡ್ಡೆಯ ಶ್ನಿಟ್ಸೆಲ್ ಮಾಡುತ್ತಾರೆ. ಒಂದು ಸೆಂಟಿಮೀಟರ್ ಬಿಲ್ಲೆ ಮಾಡಿ, ಮೆತ್ತಗಾಗುವವರೆಗೆ ಬೇಯಿಸಿ, ಒರೆಸಿ, ಅದೇ ರೀತಿ ಕರಿಯಿರಿ. ಮೊಟ್ಟೆ ತಿನ್ನದಿದ್ದರೆ ಮೈದಾ ಗಂಜಿಯಲ್ಲಿ ಅದ್ದಿ.

ಪ್ರಶ್ನೆ: ತಾಹಿನಿ ಬಾಟಲಿಯಲ್ಲಿ ಎಣ್ಣೆ ಮೇಲೆ ತೇಲುತ್ತಿದೆ. ಕಲಬೆರಕೆಯಾ?

ಅಲ್ಲ. ಕಲಕಿ.

ಪ್ರಶ್ನೆ: ಸಾವರ್‌ಕ್ರೌಟ್ ರಸ ಕುಡಿದರೆ ಶುಗರ್ ವಾಸಿಯಾಗುತ್ತೆ ಅಂತ ವಿಡಿಯೋದಲ್ಲಿ ಒಬ್ಬರು ಹೇಳಿದರು. ದಿನಕ್ಕೆ ಎಷ್ಟು ಕುಡಿಯಬೇಕು?

ಅದು ಉಪ್ಪಿನಲ್ಲಿ ಹುಳಿ ಬಂದ ಎಲೆಕೋಸು, ಔಷಧಿ ಅಲ್ಲ. ಮೊದಲು ಆ ವಿಡಿಯೋ ನೋಡುವುದನ್ನು ಬಿಡಿ, ಮಾತ್ರೆಯನ್ನಲ್ಲ. ಬಿಪಿ ಇದ್ದರೆ ಆ ಉಪ್ಪುನೀರಿನ ಹತ್ತಿರವೂ ಹೋಗಬೇಡಿ.