ಜೀವನದಲ್ಲಿ ಕಷ್ಟಪಡದವರಿಗೆ ಬರವಣಿಗೆಯಲ್ಲಿ ಸ್ವಂತಿಕೆ ಬರುವುದಿಲ್ಲವೇ?

ನೀವು ಬರೆದಿರುವುದು ಇಷ್ಟು: ಎರಡು ನಾಟಕ ಬರೆದಿದ್ದೀರಿ, ಓದಿದವರು "ಎಲ್ಲೋ ನೋಡಿದಂಗಿದೆ" ಅಂದಿದ್ದಾರೆ. ತಂದೆಯದು ಕಿರಾಣಿ ಅಂಗಡಿ, ಹೇಳಿಕೊಳ್ಳುವಂಥ ಕಷ್ಟವೇನೂ ನೀವು ಕಂಡಿಲ್ಲ, ಸ್ವಂತಿಕೆ ಬರದಿರುವುದು ಅದಕ್ಕೇ ಇರಬಹುದೇ ಅಂತ ಅನುಮಾನ.

ನಾನು ದಾವಣಗೆರೆಯವನು. ಸುತ್ತಲ ಹಳ್ಳಿಗಳಲ್ಲಿ ಜಾತ್ರೆಗೆ ಆಡುವ ನಾಟಕಗಳಿಗೆ ತಾಲೀಮು ಕೊಡುತ್ತೇನೆ, ಹಾರ್ಮೋನಿಯಂ ಬಾರಿಸುತ್ತೇನೆ. ಕಷ್ಟ ನನ್ನ ಹತ್ತಿರ ಬೇಕಾದಷ್ಟಿತ್ತು. ಆದರೂ ನಾನು ಬರೆದ ಮೊದಲ ನಾಟಕ ಶುದ್ಧ ನಕಲು.

ಅಪ್ಪ ಇಲ್ಲಿನ ಒಂದು ಹತ್ತಿ ಮಿಲ್ಲಿನಲ್ಲಿ ಮಗ್ಗ ನೋಡಿಕೊಳ್ಳುತ್ತಿದ್ದ. ಮಿಲ್ ಮುಚ್ಚಿತು, ಬಾಕಿ ಸಂಬಳ ಬರಲಿಲ್ಲ. ಅವ್ವನ ಸರ ಹೋಯಿತು, ನನ್ನ ಪಿಯುಸಿ ಅರ್ಧಕ್ಕೆ ನಿಂತಿತು. ಇದನ್ನೇ ನಾಟಕ ಮಾಡಿದೆ. ಮೂರನೇ ಸೀನಿನಲ್ಲಿ ತಂದೆ ಪಾತ್ರದವನು ಎದೆ ಹಿಡಿದುಕೊಂಡು "ಓ ವಿಧಿಯೇ, ಬಡವನ ಬಾಳು ನಿನಗೆ ಆಟದ ಬೊಂಬೆಯೇ!" ಅಂತ ಶುರು ಮಾಡಿದರೆ ಒಂದೂವರೆ ಪುಟ ನಿಲ್ಲುತ್ತಿರಲಿಲ್ಲ. ಹಿಂದೆಯೇ ಒಂದು ಶೋಕದ ಹಾಡು, ಸಿನಿಮಾ ಹಾಡಿನ ಧಾಟಿಗೆ ಕೂರಿಸಿದ್ದು. ಬರೆಯುವಾಗ ನಾನು ನಿಜವಾಗಿ ಅತ್ತಿದ್ದೆ. ನೋಡಿದವರು ಯಾರೂ ಅಳಲಿಲ್ಲ. ಆಟ ಮುಗಿದ ಮೇಲೆ, ಅಪ್ಪನ ಜೊತೆ ದುಡಿದ ಹಿರಿಯರೊಬ್ಬರು ಟೀ ಕುಡಿಯುತ್ತಾ ಕೇಳಿದರು: "ನಿಮ್ಮಪ್ಪ ಯಾವತ್ತಾರ ಹಿಂಗ್ ಮಾತಾಡಿದ್ದು ಕೇಳೀಯೇನಲೇ?"

ಕೇಳಿರಲಿಲ್ಲ. ಅಪ್ಪನ ಮಾತೇ ಬೇರೆ. ಸಾಲುಸಾಲು ಮಗ್ಗ ಒಟ್ಟಿಗೆ ಬಡಿಯುವ ಕಡೆ ಪಕ್ಕದಲ್ಲಿ ನಿಂತವನ ದನಿಯೂ ಕೇಳುವುದಿಲ್ಲ. ಕೈಸನ್ನೆ ಮಾಡಬೇಕು, ತುಟಿ ನೋಡಿ ತಿಳಿಯಬೇಕು, ಇಲ್ಲವೇ ಕಿವಿಗೆ ಬಾಯಿಟ್ಟು ಕೂಗಬೇಕು. ವರ್ಷಗಟ್ಟಲೆ ಹಾಗೆ ದುಡಿದು ಅಪ್ಪನ ಕಿವಿ ಮಂದವಾಗಿತ್ತು. ಊಟಕ್ಕೆ ಕೂತು ಉಪ್ಪು ಕೇಳಿದರೂ ಬೀದಿಗೆಲ್ಲ ಗೊತ್ತಾಗುತ್ತಿತ್ತು. ಮಿಲ್ ಮುಚ್ಚಿದ ಮೇಲೆ ಸಾಲ ಕೊಟ್ಟವರು ಬಾಗಿಲಿಗೆ ಬರತೊಡಗಿದರಲ್ಲ, ಆಗ ಅಪ್ಪ ಒಳಕೋಣೆಯಲ್ಲಿ ಗೋಡೆಗೆ ಆತು ನಿಂತು, ತನ್ನ ಲೆಕ್ಕದಲ್ಲಿ ಪಿಸುಗುಟ್ಟುತ್ತಾ, "ನಾ ಮನ್ಯಾಗಿಲ್ಲ ಅಂತ ಹೇಳೇ!" ಅಂತ ಕೂಗೋನು. ಬಂದವರಿಗೆ ಅಷ್ಟೂ ಕೇಳಿಸೋದು. ಅವ್ವ ಸೆರಗು ಬಾಯಿಗಿಟ್ಟುಕೊಂಡು ನೆಲ ನೋಡೋಳು. ಒಬ್ಬರಂತೂ "ಇಲ್ಲ ಬಿಡವ್ವ, ಬಂದ ಮ್ಯಾಲೆ ಹೇಳು" ಅಂದು ಚಪ್ಪಲಿ ಮೆಟ್ಟಿ ಹೋದರು.

ಆ ಒಂದೂವರೆ ಪುಟ ಹರಿದು ಹಾಕಿ ಇದನ್ನು ಇಟ್ಟೆ. ಮುಂದಿನ ಆಟದಲ್ಲಿ ಅಪ್ಪನ ಪಾತ್ರದವನು ಮೊದಲ ಸಲ ಕೂಗಿದಾಗ ಜನ ಬಿದ್ದು ಬಿದ್ದು ನಕ್ಕರು. ಎರಡನೇ ಸಲಕ್ಕೆ ನಗು ಅರ್ಧಕ್ಕೇ ನಿಂತಿತು. ಶೋಕದ ಹಾಡಿಗೆ ಅಂತ ನಾನು ಹಾರ್ಮೋನಿಯಂ ಮನೆಗಳ ಮೇಲೆ ಬೆರಳಿಟ್ಟುಕೊಂಡು ಕೂತಿದ್ದೆ. ಬಾರಿಸಲಿಲ್ಲ.

ಎರಡೂ ಸಲ ಕಷ್ಟ ಅದೇ, ಬರೆದವನೂ ನಾನೇ. ಮೊದಲ ಸಲ ಮಾತ್ರ ಕಂಪನಿ ನಾಟಕದ ಅಪ್ಪನನ್ನು ಕರೆತಂದು ನಮ್ಮಪ್ಪನ ಅಂಗಿ ತೊಡಿಸಿದ್ದೆ. (ಕಂಪನಿ ನಾಟಕವನ್ನು ಹೀಗಳೆಯುತ್ತಿಲ್ಲ, ಅದರ ಅನ್ನ ಉಂಡವನು ನಾನು. 1988ರಲ್ಲಿ ಪದ್ಮಶ್ರೀ ಪಡೆದ ನಮ್ಮೂರಿನ ರಂಗನಟಿ ಚಿಂದೋಡಿ ಲೀಲಾ ಅವರು ಬೆಳೆದದ್ದೂ ಅದೇ ಪರದೆಯ ಹಿಂದೆ. ನೋಡಿ ನೋಡಿ, ಹಾಗೇ ಮಾಡಿ ಮಾಡಿ ಕಲಿಯುವ ವಿದ್ಯೆ ಅದು. ನಿಮ್ಮ ಎರಡು ನಾಟಕ ಬೇರೆಯವರದರಂತೆ ಇದ್ದರೆ ಅದು ತಾಲೀಮು ಅಂತ ತಿಳಿಯಿರಿ.)

ಕಥೆಯೇ ಹೊಸದಿರಬೇಕು ಅನ್ನುವುದನ್ನೂ ನಾನು ಒಪ್ಪುವುದಿಲ್ಲ. ಪಕ್ಕದ ಚಿತ್ರದುರ್ಗವನ್ನೇ ನೋಡಿ. 1779ರಲ್ಲಿ ಕೋಟೆ ಹೈದರಾಲಿಯ ಪಾಲಾಯಿತು ಅನ್ನುವುದು ಈ ಕಡೆಯ ಶಾಲೆ ಹುಡುಗರಿಗೂ ಗೊತ್ತು. ಕಾದಂಬರಿಕಾರ ತ.ರಾ.ಸು. ಅವರಂತೂ 'ದುರ್ಗಾಸ್ತಮಾನ' ಅಂತ ಹೆಸರಿಟ್ಟು ಕೊನೆಯನ್ನು ರಟ್ಟಿನ ಮೇಲೇ ಹೇಳಿಬಿಟ್ಟರು. ಆದರೂ ಓದುವಾಗ ಕೋಟೆಯ ದೊರೆ ಮದಕರಿ ಗೆದ್ದಾನೇನೋ ಅನ್ನಿಸುತ್ತದೆ. ಅದಕ್ಕೂ ಮೊದಲು 'ಕಂಬನಿಯ ಕುಯಿಲು', 'ರಕ್ತರಾತ್ರಿ', 'ತಿರುಗುಬಾಣ' ಅಂತ ಅದೇ ದುರ್ಗವನ್ನು ಮತ್ತೆ ಮತ್ತೆ ಸುತ್ತಿದವರು ಅವರು. 1984ರಲ್ಲಿ ತೀರಿಕೊಂಡರು, 'ದುರ್ಗಾಸ್ತಮಾನ'ಕ್ಕೆ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಬಂದದ್ದು 1985ರಲ್ಲಿ. ಒಂದೇ ಕಲ್ಲುಬೆಟ್ಟವನ್ನು ಅಷ್ಟು ಕಾಲ ನೋಡುತ್ತಾ ಕೂರುವುದು ಹೊಸ ಕಥೆ ಹುಡುಕುವುದಕ್ಕಿಂತ ಕಠಿಣ ಅಂತ ನನ್ನ ಎಣಿಕೆ.

ಹಾಡಿನ ಮಾತು ಬಂದರೆ ಚಳ್ಳಕೆರೆ ಕಡೆಯ ಗೊಲ್ಲರಹಟ್ಟಿಯ ಸಿರಿಯಜ್ಜಿ ನೆನಪಾಗುತ್ತಾರೆ. ಅಕ್ಷರ ಕಲಿತವರಲ್ಲ, ಸಾವಿರಾರು ಹಾಡು ನಾಲಿಗೆಯ ಮೇಲಿದ್ದವು, ಹಂಪಿಯ ಕನ್ನಡ ವಿಶ್ವವಿದ್ಯಾಲಯ ನಾಡೋಜ ಕೊಟ್ಟು ಗೌರವಿಸಿತು. ಎಲ್ಲ ಹಿಂದಿನವರಿಂದ ಬಂದ ಹಾಡುಗಳೇ. ಅಜ್ಜಿ ಹಾಡಿದ್ದನ್ನು ನಕಲು ಅಂದವರನ್ನು ನಾನಂತೂ ಕಂಡಿಲ್ಲ.

ಇನ್ನು ನಿಮ್ಮ ಮನೆಯಲ್ಲಿ ಕಷ್ಟ ಇರಲಿಲ್ಲ ಅನ್ನುವ ಮಾತು. ಕಿರಾಣಿ ಅಂಗಡಿ ಅಂದಿರಿ. ಹಾಗಾದರೆ ಉದ್ರಿ ಪುಸ್ತಕ ಇದ್ದೇ ಇರುತ್ತದೆ. ತಂದೆಯವರನ್ನು ಕೇಳಿ ಹಳೆಯದೊಂದನ್ನು ತೆಗೆಸಿ. ಯಾರ ಹೆಸರು ಹೇಗೆ ಬರೆದಿದ್ದಾರೆ, 'ಮೂಲೆಮನೆ ಅಜ್ಜಿ' ಅಂತಲೋ 'ಹಾಲಿನ ಬಸಣ್ಣ' ಅಂತಲೋ, ಯಾವ ಲೆಕ್ಕಕ್ಕೆ ಗೀಟು ಎಳೆದಿದ್ದಾರೆ, ದುಡ್ಡು ಬಾರದೆಯೂ ಗೀಟು ಬಿದ್ದದ್ದು ಯಾವುದು, ಒಂದೊಂದಾಗಿ ಕೇಳಿಸಿಕೊಳ್ಳಿ. ಮೂರನೇ ನಾಟಕ ಬರೆದಾದ ಮೇಲೆ ಹಾಡಿಗೆ ಮಟ್ಟು ಬೇಕಾದರೆ ಹೇಳಿ, ಹಾಕಿಕೊಡುತ್ತೇನೆ.