ಈನೋಕಿಯನ್ ಲಿಪಿ ಅಷ್ಟು ಹಳೆಯದಾ?

"ಈನೋಕಿಯನ್ ಲಿಪಿ ಬೈಬಲ್‌ಗಿಂತ ಹಳೆಯದು ಅಂತಾರೆ, ನಿಜಾನಾ?" ಅಂತ ಕೇಳಿದ್ದೀರಿ. ಇಲ್ಲ, ದೇವದೂತರ ಭಾಷೆಯದು ಅಂತ ಹೇಳುವ ಈ ಲಿಪಿ ಸಿಕ್ಕಿದ್ದೇ 16ನೇ ಶತಮಾನದಲ್ಲಿ. ಇಂಗ್ಲೆಂಡಿನ ಗಣಿತಜ್ಞ ಜಾನ್ ಡೀ ಪಕ್ಕದಲ್ಲಿ ಕೂತು ಬರೆದುಕೊಳ್ಳುತ್ತಿದ್ದರು. ಅವರ ಜೊತೆಗಾರ ಎಡ್ವರ್ಡ್ ಕೆಲ್ಲಿ ಸ್ಫಟಿಕದೊಳಗೆ ದಿಟ್ಟಿಸಿ, ದೇವದೂತರು ತೋರಿಸಿದರು ಅಂತ ಹೇಳುತ್ತಿದ್ದರು. ಹಾಗೆ 1583ರಲ್ಲಿ 21 ಅಕ್ಷರ ಬಂದವು. ಬರೆಯೋದು ಬಲದಿಂದ ಎಡಕ್ಕೆ. ಆದರೆ ಆ ಭಾಷೆಯ ವಾಕ್ಯಗಳು ಇಂಗ್ಲಿಷಿನ ಜಾಡಲ್ಲೇ ನಡೆಯುತ್ತವೆ. ಇದು ಇಂಗ್ಲಿಷ್ ಬಲ್ಲವರೇ ಕಟ್ಟಿದ್ದು ಅನ್ನೋದಕ್ಕೆ ನನಗೆ ಇದೇ ದೊಡ್ಡ ಸುಳಿವು.

ಹಾಗಂತ ಸುಮ್ನೆ ತಳ್ಳಿಹಾಕಬೇಡಿ. ಡೀ ಇದನ್ನು ಮನಸಾರೆ ನಂಬಿದ್ದರು. ಈ ಕೆಲಸಕ್ಕೆ ಅವರು ಬಳಸಿದ ಮೇಣದ ಬಿಲ್ಲೆಗಳು ಬ್ರಿಟಿಷ್ ಮ್ಯೂಸಿಯಂನಲ್ಲಿವೆ. ದೊಡ್ಡದರ ಮೇಲೆ ಏಳು ಮೂಲೆಯ ನಕ್ಷತ್ರ, ಸಂದಿಯಲ್ಲೆಲ್ಲ ಕೊರೆದ ದೇವದೂತರ ಹೆಸರು. ಸ್ಫಟಿಕ ಇಡುತ್ತಿದ್ದದ್ದು ಅದರ ಮೇಲೆ. ಚಿಕ್ಕ ಬಿಲ್ಲೆಗಳು ಅದನ್ನಿಟ್ಟ ಮೇಜಿನ ಕಾಲುಗಳ ಅಡಿಗೆ.